ಮಲ್ಪೆಯ ಮರಳಿನಲ್ಲಿ ಒಂಬತ್ತು ವಿಮಾನ: ಫಾರ್ಮೇಶನ್ ಹಾರಾಟವನ್ನು ನಡೆದು ಕಲಿಯುವ ಬಗೆ

ಭಾರತೀಯ ವಾಯುಪಡೆಯ ಪ್ರದರ್ಶನ ತಂಡ ಸೂರ್ಯಕಿರಣದ ಒಂಬತ್ತು ಹಾಕ್ ಜೆಟ್ ವಿಮಾನಗಳು ಒಂದೇ ಹಲಗೆಗೆ ಮೊಳೆ ಹೊಡೆದ ಹಾಗೆ ಮಗುಚಿಕೊಳ್ಳುವುದನ್ನು ಯಲಹಂಕದ ಏರೋ ಇಂಡಿಯಾದಲ್ಲೋ ಟಿವಿಯಲ್ಲೋ ನೋಡಿದವರು ಕೇಳುವ ಮೊದಲ ಪ್ರಶ್ನೆ ಒಂದೇ: ಒಂದಕ್ಕೊಂದು ತಾಗುವುದಿಲ್ಲವೇ? ಧೈರ್ಯ ಇದ್ದರೆ ಆಯಿತು ಎನ್ನುವವರಿದ್ದಾರೆ. ಧೈರ್ಯ ಬೇಕು, ನಿಜ. ಆದರೆ ವಿಮಾನವನ್ನು ಅದರ ಜಾಗದಲ್ಲಿ ಇಡುವುದು ಧೈರ್ಯವಲ್ಲ, ಕಣ್ಣು. ಲೀಡರ್ ವಿಮಾನದ ಮೇಲಿನ ಎರಡು ಗುರುತುಗಳನ್ನು ಒಂದೇ ಗೆರೆಯಲ್ಲಿ ಹಿಡಿದಿಟ್ಟುಕೊಳ್ಳುವುದು, ಗೆರೆ ಕದಲಿದ ಕೂಡಲೇ ಚೂರೇ ಚೂರು ತಿದ್ದುವುದು: ಪಕ್ಕದ ಪೈಲಟ್ ಇಡೀ ಪ್ರದರ್ಶನದಲ್ಲಿ ಮಾಡುವುದು ಹೆಚ್ಚುಕಮ್ಮಿ ಇಷ್ಟೇ.

ಇದನ್ನು ಕಾಲ್ನಡಿಗೆಯಲ್ಲಿ ಕಲಿಯಬಹುದು. ಪ್ರದರ್ಶನ ತಂಡಗಳು ಹಾರುವ ಮೊದಲು ಇಡೀ ಆಟವನ್ನು ನೆಲದ ಮೇಲೆ ನಡೆದು ನೋಡುವ ಪದ್ಧತಿ ಮೊದಲಿನಿಂದಲೂ ಇದೆ. ಮಂಗಳೂರು, ಉಡುಪಿಯ ಕಾಲೇಜುಗಳ ಎನ್‌ಸಿಸಿ ವಾಯುದಳದ ಕೆಡೆಟ್‌ಗಳಿಗೆ, ಏರೋಮಾಡೆಲಿಂಗ್ ಹುಡುಗರಿಗೆ, ಭೌತಶಾಸ್ತ್ರದ ಮೇಷ್ಟ್ರುಗಳಿಗೆ ಒಂದು ಬೆಳಗ್ಗಿನ ಕೆಲಸ ಇದು. ನಮ್ಮ ಕಡಲತೀರ ಇದಕ್ಕೆ ಹೇಳಿ ಮಾಡಿಸಿದ ಜಾಗ, ಏಕೆಂದರೆ ಒದ್ದೆ ಮರಳು ಪ್ರತಿ ಹೆಜ್ಜೆಯನ್ನೂ ಬರೆದಿಟ್ಟುಕೊಳ್ಳುತ್ತದೆ.

ಸಾಮಾನು

ವೈರಿಂಗ್‌ಗೆ ಬಳಸುವ 25 ಎಂಎಂ ಪಿವಿಸಿ ಪೈಪು, 3 ಮೀಟರ್ ಉದ್ದದ್ದು, 9. ಅದಕ್ಕೆ ಹೊಂದುವ ಟೀ ಜಾಯಿಂಟ್ 9. ಪ್ರತಿ ಪೈಪನ್ನೂ 1 ಮೀಟರಿನ ಮೂರು ತುಂಡು ಮಾಡಿ ಟೀಗೆ ಸೇರಿಸಿದರೆ ಒಬ್ಬರಿಗೆ ಒಂದು ವಿಮಾನ ಸಿದ್ಧ: ಎರಡು ತುಂಡು ಎಡಬಲದ ರೆಕ್ಕೆ, ಒಂದು ತುಂಡು ಮುಂದಕ್ಕೆ ಚಾಚಿದ ಮೂತಿ. ಎಡ ರೆಕ್ಕೆಯ ತುದಿಗೆ ಕೆಂಪು ಟೇಪು, ಬಲ ತುದಿಗೆ ಹಸಿರು. ನಿಜ ವಿಮಾನದ ದೀಪಗಳ ಬಣ್ಣವೂ ಇದೇ. ಮೂತಿಯ ತುದಿಗೆ ಬಿಳಿ ಬಟ್ಟೆಯನ್ನು ಮುಷ್ಟಿಯಷ್ಟು ದಪ್ಪಕ್ಕೆ ಸುತ್ತಿ ಕಟ್ಟಿ. ದೂರಕ್ಕೆ ಕಾಣುವುದಕ್ಕೂ ಅದೇ, ಯಾರಿಗಾದರೂ ತಾಗಿದರೆ ಪೆಟ್ಟಾಗದಿರುವುದಕ್ಕೂ ಅದೇ. ಇಷ್ಟಲ್ಲದೆ 4 ಮೀಟರಿನ ಒಂದು ಹಗ್ಗ, ಒಂದು ಅಳತೆ ಟೇಪು, ಒಂದು ಸೀಟಿ.

ಹಾಕ್ ವಿಮಾನದ ರೆಕ್ಕೆಯ ಹರವು ಸುಮಾರು 10 ಮೀಟರ್. ನಮ್ಮದು 2 ಮೀಟರ್. ಅಂದರೆ ಮರಳಿನ ಮೇಲಿನ 1 ಮೀಟರ್ ಆಕಾಶದ 5 ಮೀಟರ್. ಈ ಲೆಕ್ಕ ಎಲ್ಲರಿಗೂ ಬಾಯಿಪಾಠ ಇರಲಿ. 20 ಸೆಂಟಿಮೀಟರ್ ತಪ್ಪಿದರೆ ‘ಇಷ್ಟೇ ಅಲ್ವಾ’ ಅನ್ನಿಸುತ್ತದೆ. ಮೇಲೆ ಅದು ಒಂದು ಮೀಟರ್.

ಜಾಗ, ಹೊತ್ತು

ಮಲ್ಪೆಯಾಗಲಿ, ಪಣಂಬೂರಾಗಲಿ, ತಣ್ಣೀರುಬಾವಿಯಾಗಲಿ, ರಜಾ ದಿನ ಬೇಡ. ನೀರು ಇಳಿಯುತ್ತಿರುವ ಬೆಳಿಗ್ಗೆ ಆರಿಸಿಕೊಳ್ಳಿ. ಇಳಿತದ ಹೊತ್ತು ದಿನಕ್ಕೆ ಸುಮಾರು 50 ನಿಮಿಷ ಮುಂದಕ್ಕೆ ಹೋಗುತ್ತದೆ, ಆದ್ದರಿಂದ ಹೋದ ವಾರದ ಸಮಯ ಈ ವಾರಕ್ಕೆ ಆಗುವುದಿಲ್ಲ. ಹುಣ್ಣಿಮೆ, ಅಮಾವಾಸ್ಯೆಯ ಆಸುಪಾಸಿನಲ್ಲಿ ನೀರು ಹೆಚ್ಚು ಹಿಂದೆ ಸರಿದು ಅಗಲವಾದ ಗಟ್ಟಿ ಮರಳು ಸಿಗುತ್ತದೆ. ಉದ್ದಕ್ಕೆ 60 ಮೀಟರ್, ಅಗಲಕ್ಕೆ 40 ಮೀಟರ್ ಇದ್ದರೆ ಸಾಕು. ಒಣ ಮರಳಿನಲ್ಲಿ ಹೆಜ್ಜೆ ಕುಸಿದು ಗುರುತು ಉಳಿಯುವುದಿಲ್ಲ. ನೀರು ಮಿನುಗುವಷ್ಟು ಒದ್ದೆಯಲ್ಲಿ ಗುರುತು ತುಂಬಿಕೊಂಡುಬಿಡುತ್ತದೆ. ಹಿಮ್ಮಡಿ ಅರ್ಧ ಬೆರಳು ಇಳಿಯುವ ಪಟ್ಟಿ ಸರಿಯಾದದ್ದು. ಎಲ್ಲರೂ ಬರಿಗಾಲಲ್ಲಿರಬೇಕು. ಕಡಲ ಗಾಳಿ ಬೀಸತೊಡಗಿದ ಮೇಲೆ ಪೈಪು ಕೈಯಲ್ಲಿ ನಿಲ್ಲುವುದಿಲ್ಲ, ಹಾಗಾಗಿ ಬಿಸಿಲೇರುವ ಮೊದಲೇ ಮುಗಿಸಿ. ಮಳೆಗಾಲದಲ್ಲಿ ಇದನ್ನು ಕಾಲೇಜಿನ ಮೈದಾನಕ್ಕೆ ಒಯ್ಯಿರಿ, ಕಡಲಿಗೆ ಬೇಡ.

ಗೆರೆ ಹಿಡಿಯುವುದು

ಇದೇ ಇಡೀ ವಿದ್ಯೆಯ ತಿರುಳು. ಇಲ್ಲಿ ಅವಸರ ಮಾಡಬೇಡಿ.

ಲೀಡರ್ ಪೈಪನ್ನು ಎರಡೂ ಕೈಯಲ್ಲಿ ಹೆಗಲ ಮಟ್ಟಕ್ಕೆ ಹಿಡಿದು ನಿಲ್ಲಲಿ. ಅವನ ಮೂತಿಯ ಬಿಳಿ ಬಟ್ಟೆ ಅವನಿಂದ 1 ಮೀಟರ್ ಮುಂದಿದೆ, ಹಸಿರು ತುದಿ 1 ಮೀಟರ್ ಬಲಕ್ಕಿದೆ. ಈ ಎರಡನ್ನೂ ಸೇರಿಸಿ ಹಿಂದಕ್ಕೆ ಗೆರೆ ಎಳೆದರೆ ಅದು ಸರಿಯಾಗಿ 45 ಡಿಗ್ರಿಯಲ್ಲಿ ಹೋಗುತ್ತದೆ. ಬಲಬದಿಯವನು ಆ ಗೆರೆಯ ಮೇಲೆ, ಲೀಡರ್‌ನಿಂದ 3 ಮೀಟರ್ ಬಲಕ್ಕೆ, 2 ಮೀಟರ್ ಹಿಂದೆ ನಿಲ್ಲಬೇಕು. ಆಗ ಇಬ್ಬರ ರೆಕ್ಕೆ ತುದಿಗಳ ನಡುವೆ ಅಡ್ಡಕ್ಕೆ 1 ಮೀಟರ್ ಉಳಿಯುತ್ತದೆ. ಅಲ್ಲಿಂದ ನೋಡಿದರೆ ಬಿಳಿ ಬಟ್ಟೆ ಹಸಿರು ಟೇಪಿನ ನೇರ ಹಿಂದೆ ಅಡಗಿರುತ್ತದೆ. ಬಿಳಿ ಬಟ್ಟೆ ಹಸಿರಿಗಿಂತ ಮುಂದಕ್ಕೆ, ಅಂದರೆ ನಡೆಯುವ ದಿಕ್ಕಿಗೆ, ಇಣುಕಿದರೆ ನೀವು ಮುಂದೆ ಬಂದಿದ್ದೀರಿ. ಒಳಗಡೆಗೆ, ಲೀಡರ್‌ನ ಮೈಕಡೆಗೆ ಇಣುಕಿದರೆ ಹಿಂದೆ ಬಿದ್ದಿದ್ದೀರಿ. ಎಡಬದಿಯವನಿಗೆ ಕೆಂಪು ಟೇಪಿನಲ್ಲಿ ಇದೇ ಲೆಕ್ಕ, ಕನ್ನಡಿಯಲ್ಲಿ ಕಂಡ ಹಾಗೆ.

ಗೆರೆ ಒಂದೇ ಇದ್ದರೆ ದೂರ ಗೊತ್ತಾಗುವುದಿಲ್ಲ. ಅದೇ ಗೆರೆಯ ಮೇಲೆ 10 ಮೀಟರ್ ಆಚೆ ನಿಂತರೂ ಬಟ್ಟೆ ಟೇಪಿನ ಹಿಂದೆಯೇ ಇರುತ್ತದೆ. ಆದ್ದರಿಂದ ಇನ್ನೊಂದು ಗುರುತು ಬೇಕು: ಲೀಡರ್‌ನ ಮುಖದಲ್ಲಿ ಯಾವುದು ಸ್ಪಷ್ಟ, ಯಾವುದು ಅಸ್ಪಷ್ಟ, ಅಂಗಿಯ ಯಾವ ಬರಹ ಓದಲು ಬರುತ್ತದೆ. ಟೇಪು ಹಿಡಿದು ಅಳೆದು ನಿಲ್ಲಿಸಿ ಒಂದು ನಿಮಿಷ ಸುಮ್ಮನೆ ನೋಡಲು ಬಿಡಿ. ಆ ಚಿತ್ರ ಕಣ್ಣಿಗೆ ಹತ್ತಬೇಕು. ಪೈಲಟ್‌ಗಳೂ ಹೀಗೆಯೇ ಲೀಡರ್ ವಿಮಾನದ ಮೈಮೇಲಿನ ಬಣ್ಣದ ಪಟ್ಟಿ, ರೆಕ್ಕೆಯ ಅಂಚು, ದೀಪ ಇಂಥವನ್ನು ಒಂದರ ಮೇಲೊಂದು ಕೂರಿಸಿ ಜಾಗ ಹಿಡಿಯುತ್ತಾರೆ. ಗಡಿಯಾರ ನೋಡುವ ಹಾಗೆ ಆಗಾಗ ನೋಡುವುದಲ್ಲ, ಕಣ್ಣು ಅಲ್ಲಿಂದ ಕದಲುವುದೇ ಇಲ್ಲ. ದಿಗಂತ, ನೆಲ, ಎತ್ತರ ಇವೆಲ್ಲ ಲೀಡರ್‌ನ ಪಾಲಿಗೆ.

ಈಗ ನಡೆಯಿರಿ. ಲೀಡರ್‌ನ ಹೆಜ್ಜೆ 60 ಸೆಂಟಿಮೀಟರ್, ನಿಮಿಷಕ್ಕೆ ಸುಮಾರು 90 ಹೆಜ್ಜೆ, ಕಡಲಿಗೆ ಸಮಾಂತರವಾಗಿ 60 ಮೀಟರ್. ಒಂದು ನಿಮಿಷದ ಮೇಲೆ ಕೆಲವೇ ಸೆಕೆಂಡು ಹಿಡಿಯುತ್ತದೆ. ಪಕ್ಕದವರು ಕಾಲು ನೋಡಬಾರದು, ದಾರಿಯನ್ನೂ ನೋಡಬಾರದು.

ಮೊದಲ ಸಲ ನಡೆದಾಗ ಆಗುವ ತಪ್ಪು ಯಾವಾಗಲೂ ಒಂದೇ. ಹಿಂದೆ ಬಿದ್ದದ್ದು ಕಂಡ ಕೂಡಲೇ ನಾಲ್ಕು ದೊಡ್ಡ ಹೆಜ್ಜೆ ಹಾಕುತ್ತಾರೆ, ಮುಂದೆ ಹೋಗಿಬಿಡುತ್ತಾರೆ, ಬ್ರೇಕ್ ಹಾಕುತ್ತಾರೆ, ಮತ್ತೆ ಹಿಂದೆ ಬೀಳುತ್ತಾರೆ. ಜೆಟ್‌ನಲ್ಲಿ ಇದು ಇನ್ನೂ ಕೆಟ್ಟದ್ದು, ಏಕೆಂದರೆ ಥ್ರಾಟಲ್ ತಳ್ಳಿದ ಕ್ಷಣವೇ ಎಂಜಿನ್ ಬಲ ಕೊಡುವುದಿಲ್ಲ, ಏರಲು ಹೊತ್ತು ಬೇಕು. ಅದಕ್ಕೇ ಒಂದು ತಿದ್ದುಪಡಿಗೆ ಥ್ರಾಟಲ್ ಮೂರು ಸಲ ಕದಲುತ್ತದೆ: ಸ್ವಲ್ಪ ಮುಂದಕ್ಕೆ, ಜಾಗ ತಲುಪುವ ಮೊದಲೇ ಹಿಂದಕ್ಕೆ, ಆಮೇಲೆ ನಡುವೆ ಎಲ್ಲೋ ಒಂದೆಡೆ ನೆಲೆಗೆ. ಮರಳಿನಲ್ಲೂ ಹಾಗೆಯೇ ಮಾಡಿಸಿ. 60ರ ಹೆಜ್ಜೆ 65 ಆಗಲಿ, 80 ಬೇಡ. ಬಟ್ಟೆ ಟೇಪಿನ ಹಿಂದೆ ಪೂರ್ತಿ ಅಡಗುವ ಮೊದಲೇ ಹೆಜ್ಜೆ 58ಕ್ಕೆ ಇಳಿಯಲಿ, ಆಮೇಲೆ 60.

ಮೂವರಿಂದ ಒಂಬತ್ತು

ಒಮ್ಮೆಗೇ ಒಂಬತ್ತು ಜನರನ್ನು ನಿಲ್ಲಿಸಬೇಡಿ. ನಿಜವಾದ ತಂಡಗಳೂ ಸಣ್ಣ ಗುಂಪುಗಳಲ್ಲಿ ಶುರುಮಾಡಿ ತಿಂಗಳುಗಟ್ಟಲೆ ಹಾರಿದ ಮೇಲೆಯೇ ಎಲ್ಲವನ್ನೂ ಸೇರಿಸುತ್ತವೆ. ಮೊದಲು 1, 2, 3. ಅದು ಮೂರು ಓಟ (ಒಮ್ಮೆ ಪೂರ್ತಿ ನಡೆದರೆ ಒಂದು ಓಟ) ಸತತವಾಗಿ ಚೆನ್ನಾಗಿ ಬಂದರೆ 4 ಮತ್ತು 5, ಆಮೇಲೆ 6, ಕೊನೆಗೆ 8, 9, 7.

ವಜ್ರಾಕೃತಿಯ ಜಾಗಗಳು ಹೀಗೆ (ಸಂಖ್ಯೆಗಳು ನಮ್ಮ ಅಭ್ಯಾಸಕ್ಕೆ ಮಾತ್ರ, ತಂಡದಿಂದ ತಂಡಕ್ಕೆ ಬೇರೆ). 1 ಲೀಡರ್. 2 ಬಲಕ್ಕೆ, 3 ಎಡಕ್ಕೆ, ಮೇಲೆ ಹೇಳಿದ ಅಳತೆಯಲ್ಲಿ. 4 ಎಂಬವನು 2ರಿಂದ ಮತ್ತೆ 3 ಮೀಟರ್ ಬಲಕ್ಕೆ, 2 ಮೀಟರ್ ಹಿಂದೆ. 5 ಅದೇ ರೀತಿ 3ರ ಎಡಕ್ಕೆ. 6 ಲೀಡರ್‌ನ ನೇರ ಹಿಂದೆ 4 ಮೀಟರ್. ಹಗ್ಗ ಇರುವುದು ಇದಕ್ಕೆ. 8 ಮತ್ತು 9 ಎಂಬವರು 6ರ ಬಲಕ್ಕೆ, ಎಡಕ್ಕೆ, ಅದೇ 3 ಮತ್ತು 2ರ ಅಳತೆ. 7 ಬಾಲ, 6ರ ಹಿಂದೆ 4 ಮೀಟರ್. ಲೀಡರ್ ಬಿಟ್ಟು ಉಳಿದವರೆಲ್ಲ ಪೈಪನ್ನು ಎದೆಯ ಮಟ್ಟಕ್ಕೆ ಹಿಡಿಯಲಿ, ಆಗ ಹಿಂದಿನವರಿಗೆ ಲೀಡರ್‌ನ ಗುರುತು ಮರೆಯಾಗುವುದಿಲ್ಲ.

4 ಮತ್ತು 5ರ ಕೆಲಸವೇ ಅತಿ ಕಷ್ಟ. 4 ಎಂಬವನು 2ನ್ನು ಮಾತ್ರ ನೋಡಿ ನಡೆದರೆ 2ರ ತಪ್ಪು ಅವನಲ್ಲಿ ದುಪ್ಪಟ್ಟಾಗುತ್ತದೆ, ಚಾವಟಿಯ ತುದಿಯ ಹಾಗೆ. ಅದಕ್ಕೆ ಅವನು 2ರ ಮೇಲಿಂದ ಲೀಡರ್‌ನನ್ನೂ ನೋಡಬೇಕು. ಅವನ ಜಾಗದಿಂದ 2ರ ಬಟ್ಟೆ ಮತ್ತು ಟೇಪು ಒಂದೇ ಗೆರೆಯಲ್ಲಿರುತ್ತವೆ. ಲೀಡರ್‌ನ ಬಿಳಿ ಬಟ್ಟೆ ಮಾತ್ರ ಹಸಿರು ಟೇಪಿಗಿಂತ ಸ್ವಲ್ಪ ಮುಂದೆ ಕಾಣುತ್ತದೆ, ಕೈ ಚಾಚಿ ಕಿರುಬೆರಳು ಹಿಡಿದರೆ ಆ ಬೆರಳಿನ ಅಗಲದಷ್ಟು. ಎರಡರಲ್ಲಿ ಹೊಂದಾಣಿಕೆ ಇಲ್ಲದಿದ್ದರೆ ಲೀಡರ್‌ನ ಚಿತ್ರವನ್ನು ನಂಬಬೇಕು. 2 ಅಲ್ಲಾಡಿದರೂ 4 ಅಲ್ಲಾಡದೆ ಉಳಿದ ದಿನ ತಂಡ ಹುಟ್ಟಿತು ಎಂದು ತಿಳಿಯಿರಿ.

2 ಮತ್ತು 3 ಒಬ್ಬರನ್ನೊಬ್ಬರು ನೋಡುವುದಿಲ್ಲ, ಆದರೂ ಸಮ ಇರಬೇಕು. ಕೈರಂಪಣಿ ಬಲೆ ಎಳೆಯುವಾಗ ಒಂದು ಬದಿಯ ಹಗ್ಗ ಮುಂದಾದರೆ ಬಲೆ ವಾರೆಯಾಗುತ್ತದಲ್ಲ, ಇಲ್ಲೂ ಹಾಗೆಯೇ. ನೋಡುಗರಿಗೆ ಒಂದು ಮೀಟರ್ ಹಿಂದೆ ಬಿದ್ದದ್ದು ಕಾಣದೆ ಹೋಗಬಹುದು, ಎಡಬಲ ವಾರೆಯಾದದ್ದು ಕಾಣದೆ ಇರದು. ಇದನ್ನು ಹೇಳಬಲ್ಲವನು 6 ಮಾತ್ರ. ನೇರ ಹಿಂದಿನಿಂದ ಅವನಿಗೆ ಎರಡು ಬದಿಯೂ ಕಾಣುತ್ತದೆ.

ದನಿ

ಲೀಡರ್‌ನ ಮಾತು ಎರಡು ತುಂಡು. ಮೊದಲನೆಯದು ಏನು ಮಾಡಲಿದ್ದೇವೆ ಎನ್ನುವುದು, ಎರಡನೆಯದು ಈಗ ಎನ್ನುವುದು. ಎನ್‌ಸಿಸಿ ಕವಾಯತು ಮಾಡಿದವರಿಗೆ ಇದು ಹೊಸದಲ್ಲ. ವ್ಯತ್ಯಾಸ ಇರುವುದು ಎಳೆತದಲ್ಲಿ. ‘ಬಲಕ್ಕೇ…’ ಎಂದು ಎಷ್ಟು ಉದ್ದ ಎಳೆಯುತ್ತಾನೋ ಅಷ್ಟು ನಿಧಾನ ತಿರುವು ಬರುತ್ತದೆ, ತುಂಡು ಮಾಡಿದರೆ ಚುರುಕು. ತೆಂಕುತಿಟ್ಟಿನ ಭಾಗವತರು ಜಾಗಟೆಯ ಪೆಟ್ಟಿನಲ್ಲೇ ಕುಣಿತದ ವೇಗ ಏರಿಸುವುದು, ಇಳಿಸುವುದು ಹೇಗೋ ಹಾಗೆ: ವೇಷಧಾರಿ ತಿರುಗಿ ನೋಡುವುದಿಲ್ಲ, ಕಾಲಿಗೇ ಗೊತ್ತಾಗುತ್ತದೆ. ಲೀಡರ್‌ಗೆ ಉಸಿರು ಸಿಕ್ಕಿಹಾಕಿಕೊಂಡು ದನಿ ಒಂದು ದಿನ ಒಂದು ಥರ ಬಂದರೆ ಎಂಟೂ ಜನ ಒಟ್ಟಿಗೆ ತಪ್ಪುತ್ತಾರೆ.

ನಡೆಯುವ ಮೊದಲು ಎಲ್ಲರೂ ಮರಳಿನಲ್ಲಿ ಕೂತು, ಕಣ್ಣು ಮುಚ್ಚಿ, ಲೀಡರ್ ಇಡೀ ಆಟದ ಮಾತುಗಳನ್ನು ನಿಜವಾದ ಲಯದಲ್ಲೇ ಹೇಳುವುದನ್ನು ಕೇಳಲಿ. ಪೈಪು ಹಿಡಿದಂತೆ ಕೈ ಕದಲಿಸಲಿ. ಅಮೆರಿಕದ ನೌಕಾಪಡೆಯ ಬ್ಲೂ ಏಂಜಲ್ಸ್ ತಂಡ ಪ್ರದರ್ಶನಕ್ಕೆ ಮುಂಚೆ ಮೇಜಿನ ಸುತ್ತ ಕೂತು ಇದನ್ನೇ ಮಾಡುತ್ತದೆ. ಐದು ನಿಮಿಷದ ಕೆಲಸ, ಬಿಡಬೇಡಿ.

ತಿರುವು

ಲೀಡರ್ 15 ಮೀಟರ್ ತ್ರಿಜ್ಯದ ಕಾಲು ಸುತ್ತು ನಡೆಯಲಿ. ಅವನಿಗೆ ಸುಮಾರು 39 ಹೆಜ್ಜೆ. ಎಲ್ಲರೂ ಅಷ್ಟೇ ಹೆಜ್ಜೆಯಲ್ಲಿ ಮುಗಿಸಬೇಕೆಂದರೆ ಹೊರಬದಿಯ ಕೊನೆಯವನು ಸುಮಾರು 85 ಸೆಂಟಿಮೀಟರ್ ಹೆಜ್ಜೆ ಹಾಕಬೇಕು, ಒಳಬದಿಯ ಕೊನೆಯವನು ಸುಮಾರು 40. ಬಾಲದ 7ಕ್ಕೆ 68. ಅವನ ಗುರುತು ಲೀಡರ್‌ನ ಗುರುತಿನ ಮೇಲೆ ಬೀಳದೆ 2 ಮೀಟರ್ ಹೊರಗೆ ಬೀಳಬೇಕು. ಲೀಡರ್ ಮೊದಲೇ 80ರ ಹೆಜ್ಜೆಯಲ್ಲಿ ನಡೆಯುತ್ತಿದ್ದರೆ ಹೊರಗಿನವನು ಓಡಬೇಕಾಗುತ್ತಿತ್ತು, ರಚನೆ ಹರಿದುಹೋಗುತ್ತಿತ್ತು. ಫಾರ್ಮೇಶನ್ ಲೀಡರ್ ಎಂದೂ ಪೂರ್ತಿ ಥ್ರಾಟಲ್ ಕೊಡದಿರುವುದಕ್ಕೆ ಕಾರಣ ಇದೇ: ತನ್ನ ಬಲ ಉಳಿಸುವುದು ತನಗಾಗಿ ಅಲ್ಲ, ತುದಿಯವನಿಗಾಗಿ.

ಆಕಾಶದಲ್ಲಿ ಲೆಕ್ಕ ಸ್ವಲ್ಪ ಬೇರೆ. ಅಲ್ಲಿ ರಚನೆ ಇಡಿಯಾಗಿ ತಟ್ಟೆಯಂತೆ ವಾಲುತ್ತದೆ. 4 ಜಿ ತಿರುವಿನಲ್ಲಿ, ಅಂದರೆ ಮೈ ತೂಕ ನಾಲ್ಕು ಪಟ್ಟಾದಂತೆ ಅನ್ನಿಸುವ ತಿರುವಿನಲ್ಲಿ, ವಾಲಿಕೆ ಸುಮಾರು 75 ಡಿಗ್ರಿ. ಲೀಡರ್‌ನಿಂದ 30 ಮೀಟರ್ ಪಕ್ಕದಲ್ಲಿರುವವನು ವಾಲುವ ಆ ಕೆಲವೇ ಸೆಕೆಂಡುಗಳಲ್ಲಿ ಹೆಚ್ಚುಕಮ್ಮಿ 30 ಮೀಟರ್ ಮೇಲೇರಬೇಕು, ಇನ್ನೊಂದು ಬದಿಯವನು ಅಷ್ಟೇ ಇಳಿಯಬೇಕು. ಬಲ ಬೇಕಾಗುವುದು ಅಲ್ಲಿ. ಇದರ ಜೊತೆಗೆ ಜಿ ಭಾರ ಬೇರೆ: ಹೆಲ್ಮೆಟ್ ಸೇರಿ 6 ಕಿಲೋ ತೂಗುವ ತಲೆ 5 ಜಿಯಲ್ಲಿ 30 ಕಿಲೋ, ಅದೂ ಪಕ್ಕಕ್ಕೆ ತಿರುಗಿ ಲೀಡರ್‌ನನ್ನು ನೋಡುತ್ತಿರುವಾಗ. ರಕ್ತ ಕಾಲಿಗಿಳಿದು ಕಣ್ಣು ಮಂಕಾಗದಂತೆ ಮೀನಖಂಡ, ತೊಡೆ, ಹೊಟ್ಟೆ ಬಿಗಿಹಿಡಿದು ಉಸಿರು ಕಟ್ಟಿ, ಸುಮಾರು ಮೂರು ಸೆಕೆಂಡಿಗೊಮ್ಮೆ ಚಟ್ಟನೆ ಬದಲಿಸುತ್ತಾರೆ. ಇದನ್ನು ತೀರದಲ್ಲಿ ಪ್ರಯತ್ನಿಸಲು ಹೋಗಬೇಡಿ, ತಲೆ ಸುತ್ತಿ ಬೀಳುತ್ತೀರಿ.

ಎದುರುಬದುರು ಹಾಯುವುದು

ಇಬ್ಬರು ಎದುರೆದುರಾಗಿ ಬಂದು ಕ್ಷಣದಲ್ಲಿ ದಾಟುವ ಆಟಕ್ಕೆ ಮರಳಿನಲ್ಲಿ 6 ಮೀಟರ್ ಅಂತರದ ಎರಡು ಸಮಾಂತರ ಗೆರೆ ಎಳೆಯಿರಿ, ನಡುವೆ ಒಂದು ಗುರುತು. ಇಬ್ಬರೂ ಆ ಗುರುತಿನ ಎದುರೇ ಸಂಧಿಸಬೇಕು. ಒಬ್ಬ ತನ್ನ ಗೆರೆ, ತನ್ನ ವೇಗ ಬಿಡದೆ ನಡೆಯಲಿ. ಹೊಂದಿಸಿಕೊಳ್ಳುವ ಹೊಣೆ ಇನ್ನೊಬ್ಬನದು. ಇಬ್ಬರೂ ಹೊಂದಿಸಿಕೊಳ್ಳಲು ಹೊರಟರೆ ಏನಾಗುತ್ತದೆ ಎಂಬುದು ಓಣಿಯಲ್ಲಿ ಎದುರಾದವರು ಒಂದೇ ಬದಿಗೆ ಸರಿದು ಮುಖಾಮುಖಿಯಾಗುವಾಗ ಎಲ್ಲರಿಗೂ ಗೊತ್ತು. ಗಂಟೆಗೆ 600 ಕಿಲೋಮೀಟರ್ ವೇಗದ ಎರಡು ವಿಮಾನಗಳು 2 ಕಿಲೋಮೀಟರ್ ದೂರದಿಂದ ಸಂಧಿಸಲು 6 ಸೆಕೆಂಡು ಸಾಕು. ಸರಿದಾಡಲು ಅಲ್ಲಿ ಹೊತ್ತಿಲ್ಲ. ಪಕ್ಕದಿಂದ ನೋಡುವವರಿಗೆ ಢಿಕ್ಕಿಯಾದಂತೆ ಕಾಣುವುದು ಎರಡು ಗೆರೆಗಳ ನಡುವಿನ ಅಂತರವನ್ನು ಕಣ್ಣು ಅಳೆಯಲಾರದ್ದರಿಂದ. ಒಬ್ಬರನ್ನು 50 ಮೀಟರ್ ಆಚೆ ಕೂರಿಸಿ ಕೇಳಿ ನೋಡಿ.

ನಿಲ್ಲಿಸುವ ಮಾತು

ಒಂದು ಪದ ಮೊದಲೇ ಗೊತ್ತುಮಾಡಿ, ಬೇರೆ ಯಾವುದಕ್ಕೂ ಬಳಸಬೇಡಿ. ‘ಬಿಡಿ’ ಎಂದು ಕೇಳಿದೊಡನೆ ಬಲಬದಿಯವರು ಬಲಕ್ಕೆ, ಎಡಬದಿಯವರು ಎಡಕ್ಕೆ ಸರಿಯಬೇಕು, 6 ಮತ್ತು 7 ನಿಂತಲ್ಲೇ ನಿಲ್ಲಬೇಕು, ಲೀಡರ್ ನೇರ ನಡೆಯಬೇಕು. ಹೇಳುವ ಹಕ್ಕು ಒಂಬತ್ತೂ ಜನರಿಗೆ, ಕಾರಣ ಆಮೇಲೆ. ಲೀಡರ್ ಮಾತ್ರ ಕಾಣುತ್ತಿರುವಾಗ, ಬೇರೆಯವರು ಎಲ್ಲಿದ್ದಾರೆಂದು ಗೊತ್ತಿಲ್ಲದಾಗ, ಹೊರದಾರಿ ಮೊದಲೇ ತೀರ್ಮಾನವಾಗಿರಬೇಕು. ಪ್ರತಿ ಅಭ್ಯಾಸದಲ್ಲೂ ಎರಡು ಸಲ ಮುನ್ಸೂಚನೆಯಿಲ್ಲದೆ ಕೂಗಿಸಿ.

ಇದು ಔಪಚಾರಿಕತೆಯಲ್ಲ. 1982ರ ಜನವರಿ 18ರಂದು ಅಮೆರಿಕದ ಥಂಡರ್‌ಬರ್ಡ್ಸ್ ತಂಡದ ನಾಲ್ಕು ಟಿ-38 ವಿಮಾನಗಳು ನೆವಾಡದಲ್ಲಿ ಅಭ್ಯಾಸದ ಲೂಪ್ (ಮೇಲೇರಿ ಮಗುಚಿ ಕೆಳಗಿಳಿಯುವ ನಿಂತ ಸುತ್ತು) ಮುಗಿಸುವಾಗ ಒಟ್ಟಿಗೆ ನೆಲಕ್ಕಪ್ಪಳಿಸಿದವು. ಲೀಡರ್ ವಿಮಾನದ ಬಾಲದ ಸ್ಟೆಬಿಲೈಸರ್ (ಮೂತಿಯನ್ನು ಮೇಲೆ ಕೆಳಗೆ ಮಾಡುವ ಬಾಲದ ರೆಕ್ಕೆ) ಸಿಕ್ಕಿಹಾಕಿಕೊಂಡಿತ್ತೆಂದು ತನಿಖೆ ಹೇಳಿತು. ಉಳಿದ ಮೂವರ ಕಣ್ಣು ಲೀಡರ್ ಮೇಲಿತ್ತು, ಇರಬೇಕಾದಲ್ಲೇ ಇತ್ತು. 2019ರ ಫೆಬ್ರವರಿಯಲ್ಲಿ ಯಲಹಂಕದ ಪೂರ್ವಾಭ್ಯಾಸದಲ್ಲಿ ಸೂರ್ಯಕಿರಣದ ಎರಡು ವಿಮಾನಗಳು ತಾಗಿ ಒಬ್ಬ ಪೈಲಟ್ ತೀರಿಕೊಂಡರು. ಲೀಡರ್ ಆಗುವವನು ಈ ಭಾರ ಅರಿತಿರಬೇಕು. ಅವನು ಲೂಪಿನ ತುದಿಯಲ್ಲಿ ಎತ್ತರ ಮತ್ತು ವೇಗ ಎರಡೂ ಗೊತ್ತುಮಾಡಿದಷ್ಟು ಇಲ್ಲದಿದ್ದರೆ ಕೆಳಕ್ಕೆ ಎಳೆಯುವಂತೆಯೇ ಇಲ್ಲ, ಹೊರಳಿ ನೇರವಾಗಬೇಕು. ಮರಳಿನಲ್ಲಿ ಇದಕ್ಕೊಂದು ಗೇಟು ಇಡಿ: ತಿರುವಿಗೆ 5 ಮೀಟರ್ ಮೊದಲು ಒಂದು ಗೆರೆ. ಅಲ್ಲಿ ರಚನೆ ಸರಿಯಿದೆ ಎಂದು 6 ಕೂಗದಿದ್ದರೆ ಲೀಡರ್ ತಿರುಗದೆ ನೇರ ಹೋಗಲಿ.

ಹೆಜ್ಜೆ ಓದುವುದು

ನಡೆದ ಕೂಡಲೇ ಪೈಪು ಕೆಳಗಿಟ್ಟು ಗುರುತುಗಳ ಪಕ್ಕದಲ್ಲೇ ವಾಪಸು ನಡೆಯಿರಿ, ತುಳಿಯದೆ. ಪ್ರದರ್ಶನ ತಂಡಗಳು ಪ್ರತಿ ಹಾರಾಟದ ವಿಡಿಯೋ ಇಟ್ಟುಕೊಂಡು ಚರ್ಚಿಸುತ್ತವೆ. ನಿಮ್ಮ ವಿಡಿಯೋ ಇಲ್ಲೇ ಮರಳಲ್ಲಿದೆ.

ಒಂದು ಉದ್ದ, ಒಂದು ಗಿಡ್ಡ, ಮತ್ತೆ ಉದ್ದ ಎಂದು ಹೆಜ್ಜೆ ಬಿದ್ದಿದ್ದರೆ ಅತಿಯಾಗಿ ತಿದ್ದಿದ್ದಾರೆ. ಬೆರಳ ತುದಿ ಆಳಕ್ಕಿಳಿದು ಹಿಮ್ಮಡಿ ಕಾಣದಿದ್ದರೆ ಅಲ್ಲಿ ಓಡಿದ್ದಾರೆ; ಹಿಮ್ಮಡಿ ಮರಳನ್ನು ಮುಂದಕ್ಕೆ ತಳ್ಳಿ ದಿಬ್ಬ ಮಾಡಿದ್ದರೆ ಬ್ರೇಕ್ ಹಾಕಿದ್ದಾರೆ. ಸಾಲು ನಿಧಾನವಾಗಿ ಲೀಡರ್‌ನಿಂದ ದೂರ ಸರಿಯುತ್ತಾ ಹೋಗಿದ್ದರೆ ಅದು ಹೆದರಿಕೆ. ಗೆರೆ ಹಿಡಿದಿದ್ದಾರೆ, ಆದರೆ ದೂರದ ಗುರುತು ಬಿಟ್ಟಿದ್ದಾರೆ. ಇದನ್ನು ಬೈದು ಸರಿಮಾಡಲಾಗದು, ಅಳೆದು ನಿಲ್ಲಿಸಿ ಇನ್ನೊಂದು ನಿಮಿಷ ನೋಡಿಸಬೇಕು. ಬಲಬದಿಯವರೆಲ್ಲ ಒಂದೇ ಕಡೆ ತಪ್ಪಿದ್ದರೆ ಅವರನ್ನು ಬಿಟ್ಟು ಲೀಡರ್‌ನ ಸಾಲು ನೋಡಿ. ಅವನ ಹೆಜ್ಜೆ ಅಲ್ಲೇ ಏರುಪೇರಾಗಿರುತ್ತದೆ.

ಮಾತು ಲೀಡರ್‌ನಿಂದ ಶುರುವಾಗಲಿ, ತನ್ನ ತಪ್ಪಿನಿಂದ. ಆಮೇಲೆ 2ರಿಂದ 9ರವರೆಗೆ ಸರದಿಯಂತೆ, ಒಬ್ಬೊಬ್ಬರು ತಮ್ಮದನ್ನೇ, ಒಂದೇ ವಾಕ್ಯದಲ್ಲಿ: ಎಲ್ಲಿ, ಎಷ್ಟು, ಯಾಕೆ. ‘ತಿರುವಿನ ನಡುವೆ, ಎರಡು ಗೇಣು ಹಿಂದೆ, ಹೆಜ್ಜೆ ತಡವಾಗಿ ಏರಿಸಿದೆ.’ ಸೀನಿಯರ್, ಜೂನಿಯರ್ ಎಂಬುದು ಇಲ್ಲಿಲ್ಲ. 9 ಕಂಡದ್ದನ್ನು 1ಕ್ಕೆ ಹೇಳಲು ಹಿಂಜರಿದರೆ ಆ ತಪ್ಪು ಮುಂದಿನ ಓಟಕ್ಕೂ ಬರುತ್ತದೆ.

ಒಂದು ಬೆಳಗ್ಗೆಗೆ ಆರು ಓಟ ಸಾಕು, ಏಳನೆಯದರಲ್ಲಿ ಕಣ್ಣು ದಣಿದಿರುತ್ತದೆ. ಜಾಗ ಬದಲಿಸಬೇಡಿ, ಪೈಲಟ್‌ಗಳು ಇಡೀ ಋತು ಒಂದೇ ಜಾಗದಲ್ಲಿ ಹಾರುತ್ತಾರೆ, ಎಡಬದಿಗೆ ಒಗ್ಗಿದ ಕುತ್ತಿಗೆ, ಕಣ್ಣು ಬಲಬದಿಗೆ ಬೇಗ ಹೊಂದುವುದಿಲ್ಲ. ಅಂತರ 1 ಮೀಟರಿನಲ್ಲಿ ಆರು ಓಟವೂ ಗೆರೆ ತಪ್ಪದೆ ಬಂದ ಮೇಲೆ ಮುಂದಿನ ವಾರ 2 ಮತ್ತು 3 ಮಾತ್ರ ಅರ್ಧ ಮೀಟರ್ ಒಳಗೆ ಬರಲಿ, ಅದೇ 45 ಡಿಗ್ರಿ ಗೆರೆಯ ಮೇಲೆಯೇ ಜಾರುತ್ತಾ, ಅಂದರೆ ಲೀಡರ್‌ನಿಂದ ಎರಡೂವರೆ ಮೀಟರ್ ಪಕ್ಕಕ್ಕೆ, ಒಂದೂವರೆ ಮೀಟರ್ ಹಿಂದೆ. ಉಳಿದ ಆರು ಜನ ಆ ದಿನ ದಡದಲ್ಲಿ ಕೂತು ನೋಡಲಿ.